ಹಿತ್ತಿಲ ದಾರಿಯಲ್ಲಿ ಕೂತ ಮಾವನವರು

ನಾನು ಅಗ್ರಹಾರದ ಆ ಮನೆಗೆ ಸೊಸೆಯಾಗಿ ಹೋದದ್ದು ಸ್ವಾತಂತ್ರ್ಯ ಬಂದ ಮರುವರ್ಷ. ಹುಡುಗನಿಗೆ ಸರ್ಕಾರಿ ಕೆಲಸ, ಸ್ವಂತ ಮನೆ, ಹಿತ್ತಿಲಲ್ಲೇ ಬಾವಿ, ನಾದಿನಿಯರ ಕಾಟವಿಲ್ಲ ಎಂದೆಲ್ಲ ಹೇಳಿ ಮದುವೆ ಮಾಡಿದ್ದರು. ಅಡುಗೆಮನೆಯಿಂದ ಹಿತ್ತಿಲಿಗೆ ಹೋಗುವ ಓಣಿಯಲ್ಲಿ ಕಾಲ ಸೀಳಿಕೊಂಡಿದೆ ಎನ್ನುವ ಮಾತನ್ನು ಮಾತ್ರ ಯಾರೂ ಎತ್ತಿರಲಿಲ್ಲ.

ಸೀಳು ಎಂದರೆ ಗೋಡೆಯ ಬಿರುಕಲ್ಲ. ಓಣಿಯ ಎಡಗಡೆ ಗಾಳಿಯೇ ಬಿರಿದಂತೆ ಆಳೆತ್ತರದ ಒಂದು ಸಂದು. ಅದರಾಚೆಗೂ ನಮ್ಮದೇ ಓಣಿ, ಆದರೆ ಬಹಳ ಹಿಂದಿನ ಒಂದು ಬೆಳಗ್ಗೆ. ಅಲ್ಲಿ ಬೆಂಚಿನ ಮೇಲೆ ನನ್ನ ಮಾವನವರು ಪೇಪರ್ ಓದುತ್ತ ಕೂತಿದ್ದರು. ನನ್ನ ಗಂಡ ಇನ್ನೂ ತೊಟ್ಟಿಲಲ್ಲಿದ್ದಾಗ, ಅದೇ ಬೆಳಗ್ಗೆ, ಆಫೀಸಿಗೆಂದು ಸೈಕಲ್ ಹತ್ತಿ ಹೊರಟವರು ಲಕ್ಷ್ಮೀಪುರಂ ಮುಟ್ಟುವ ಮೊದಲೇ ಎದೆ ಹಿಡಿದುಕೊಂಡು ಬಿದ್ದು ತೀರಿಕೊಂಡಿದ್ದರು. ಅವರ ಪೇಪರಿನಲ್ಲಿ ಇನ್ನೂ ಬ್ರಿಟಿಷರದ್ದೇ ಕಾರುಬಾರು.

ಸಂದಿನಾಚೆ ಕಾಲ ತಿಂಗಳುಗಟ್ಟಲೆ ನಿಂತೇ ಇರುತ್ತಿತ್ತು. ಯಾವತ್ತೋ ಒಂದು ದಿನ, ಹೇಳದೆ ಕೇಳದೆ, ಒಂದೆರಡು ನಿಮಿಷ ನಮ್ಮ ಜೊತೆ ನಡೆಯುತ್ತಿತ್ತು. ಆಗ ಮಾವನವರು ಪೇಪರಿನ ಹಾಳೆ ತಿರುವುತ್ತಿದ್ದರು, ಕೆಮ್ಮುತ್ತಿದ್ದರು, ಮತ್ತೆ ಕಲ್ಲಾಗುತ್ತಿದ್ದರು. ನಮಗಿದ್ದ ದಾರಿ ಅದೊಂದೇ. ಬಚ್ಚಲಿಗೆ ಹೋಗಬೇಕಾದರೂ ಸೆರಗು ಹೊದ್ದು, ಬಲಗಡೆಯ ಗೋಡೆ ಸವರಿಕೊಂಡು ಮಾವನವರ ಮುಂದೆ ಹಾಯಬೇಕು. ಕೈಯಲ್ಲಿದ್ದದ್ದು ಸಂದಿಗೆ ತಾಕಿತೋ, ಕೆಟ್ಟಿತು. ಪಾತ್ರೆಯ ಮೊಸರು ಹಾಲಾಗುತ್ತಿತ್ತು, ಒಗೆದು ಒಣಗಿಸಿದ ಸೀರೆ ಮತ್ತೆ ಕೊಳೆಯಾಗಿ ಒಳಗೆ ಬರುತ್ತಿತ್ತು. ಪಕ್ಕದ ಮನೆಯಾಕೆಗೆ ಗೋಳು ಹೇಳಿಕೊಂಡರೆ, "ನಮ್ಮನೇಲಿ ಇಲಿ ಕಾಟ ಕಣಮ್ಮ, ನಿಮ್ಮನೇಲಿ ಇದು" ಅಂದಳು.

ಎಲ್ಲಕ್ಕಿಂತ ನನ್ನ ಹೊಟ್ಟೆ ಉರಿಸಿದ್ದು ಕಾಫಿ. ದಿನಾ ಬೆಳಗ್ಗೆ ಮೊದಲ ಗಟ್ಟಿ ಡಿಕಾಕ್ಷನ್ ಮಾವನವರಿಗೆ. ಅತ್ತೆ ಸೆರಗನ್ನು ಹಣೆ ಮುಚ್ಚುವಂತೆ ಎಳೆದುಕೊಂಡು, ಸಂದಿನೊಳಗೆ ಕೈಯಿಟ್ಟು, ಬೆಂಚಿನ ತುದಿಯಲ್ಲಿ ಲೋಟ ಇಟ್ಟು ಬರುತ್ತಿದ್ದರು. ಹಿಂದಿನ ದಿನದ್ದನ್ನು ತಂದು ತುಳಸಿಗೆ ಸುರಿಯುತ್ತಿದ್ದರು. ತೀರಿಹೋದವರಿಗೆ ಗಟ್ಟಿ ಕಾಫಿ, ಆಫೀಸಿಗೆ ಹೋಗುವ ಮಗನಿಗೆ ಎರಡನೇ ನೀರು! ಒಂದು ದಿನ ಕೇಳಿಯೇಬಿಟ್ಟೆ.

"ಯಾವಾಗ ತಲೆ ಎತ್ತುತಾರೋ ಯಾರಿಗೆ ಗೊತ್ತು? ಅವತ್ತು ಕಾಫಿ ಆರಿರಬಾರದು. ಆರಿದ್ರೆ ಮುಟ್ಟಲ್ಲ ಅವರು" ಅಂದರು ಅತ್ತೆ. ನನಗೆ ರೇಗಿತು.

ನನ್ನ ಗಂಡನ ತಲೆಯಲ್ಲಿ ನರೆ ಕಾಣಿಸಿಕೊಂಡ ಕಾಲಕ್ಕೆ ಮಾವನವರ ಪೇಪರ್ ಮುಗಿಯಿತು. ಮಡಚಿಟ್ಟು ತಲೆ ಎತ್ತಿದರು. ಎದುರಿಗೆ ಲೋಟ ಹಿಡಿದು ಅತ್ತೆ. ಅಷ್ಟು ವರ್ಷ ಕಾದದ್ದು ಆ ಒಂದು ನೋಟಕ್ಕೆ.

"ಯಾರಮ್ಮ ನೀವು? ನಮ್ಮನೆಯವಳು ಎಲ್ಲಿ ಹೋದಳು?" ಅಂದರು ಮಾವ.

ಅತ್ತೆ ಹಿಂದೆ ಸರಿದರು. ನಾನೇ ನಿಮ್ಮ ಹೆಂಡತಿ ಎಂದರೆ ಅವರು ಹಣೆ ನೋಡುತ್ತಾರೆ, ಹಣೆಯಲ್ಲಿ ಕುಂಕುಮವಿಲ್ಲ. ತಾನು ಸತ್ತಿದ್ದೇನೆ ಎಂದು ಆ ಗಂಡಸಿಗೆ ಅಲ್ಲೇ ತಿಳಿದುಹೋಗುತ್ತದೆ. ಅದಕ್ಕೇ ಸೆರಗನ್ನು ಇನ್ನಷ್ಟು ಎಳೆದುಕೊಂಡು ಒಳಗೆ ಬಂದುಬಿಟ್ಟರು. ಅವತ್ತು ಅವರು ಊಟ ಮಾಡಲಿಲ್ಲ. ನಾನು ಸಿಡಿಮಿಡಿಗುಟ್ಟುತ್ತಲೇ ಅವರ ಪಕ್ಕ ಕೂತೆ.

ಮುಂದಿನ ಸಲ ಕಾಲ ಅಲುಗಿದಾಗ ಮಾವನವರು ಎದ್ದು ಕೋಟು ತೊಟ್ಟು, ಪೇಟ ಇಟ್ಟುಕೊಂಡರು. ನಮಗೆ ಬೆನ್ನು ಮಾಡಿ, ನಡುಮನೆಯ ಕಡೆಗೆ ಒಂದು ಕಾಲು ಮುಂದಿಟ್ಟು ಹಾಗೇ ನಿಂತರು. ಇನ್ನೊಮ್ಮೆ ಅಲುಗಿದರೆ ಸೈಕಲ್, ರಸ್ತೆ, ಆಮೇಲೆ ಏನೆಂದು ನಮಗೆಲ್ಲ ಗೊತ್ತಿತ್ತು. ಅಪ್ಪ ಹೊರಟುಹೋಗುವುದನ್ನು ಅಮ್ಮ ಎರಡನೇ ಸಲ ನೋಡುವುದು ಬೇಡವೆಂದು ನನ್ನ ಗಂಡ ಕೆಸರೆಯಿಂದ ಗಾರೆಯವನನ್ನು ಕರೆಸಿ ಸಂದಿಗೆ ಇಟ್ಟಿಗೆ ಕಟ್ಟಿಸಿದರು. ಬೆಳಗಾಗುವುದರೊಳಗೆ ಇಟ್ಟಿಗೆಯೆಲ್ಲ ಹಸಿಮಣ್ಣಾಗಿ ಓಣಿ ತುಂಬ ಹರಡಿತ್ತು. ಅದನ್ನು ಬಳಿದವಳು ನಾನು.

"ಹೆಸರು ಹಿಡಿದು ಕೂಗಿ ನಿಲ್ಲಿಸಮ್ಮ, ಇವತ್ತು ಹೋಗಬೇಡಿ ಅನ್ನು" ಅಂದರು ನನ್ನ ಗಂಡ.

ಅತ್ತೆ ಹೌಹಾರಿದರು. "ಗಂಡನ ಹೆಸರು ಹೇಳೋದಾ? ಅದೂ ಹೊರಟೋರನ್ನ ಹಿಂದ್ಲಿಂದ ಕೂಗೋದಾ? ಬುಡ್ತು ಅನ್ನು!"

ಪ್ರಾಣ ಹೋಗುವ ಹೊತ್ತಿನಲ್ಲೂ ಶಕುನ ನೋಡುವ ಈ ಮುದುಕಿಗೆ ಏನು ಹೇಳಲಿ ಎಂದು ನಾನು ತಲೆ ಚಚ್ಚಿಕೊಂಡೆ. ನಾವ್ಯಾರಾದರೂ ಕೂಗೋಣವೆಂದರೆ ಅದಕ್ಕೂ ಬಿಡಲಿಲ್ಲ.

ಕೊನೆಗೆ ಒಂದು ಬೆಳಗ್ಗೆ, ನಾನು ಒಲೆ ಊದುತ್ತಿದ್ದಾಗ, ಓಣಿಯಲ್ಲಿ ಹೆಜ್ಜೆ ಸದ್ದಾಯಿತು. ಮಾವನವರು ಹೊರಟಿದ್ದರು. ಅತ್ತೆಯ ಕೈಯಲ್ಲಿದ್ದ ಸೌಟು ಬಿತ್ತು. ಜನ್ಮದಲ್ಲಿ ಒಮ್ಮೆಯೂ ನಾಲಿಗೆಯ ಮೇಲೆ ತಂದಿರದ ಹೆಸರನ್ನು ಅತ್ತೆ ಬೀದಿಗೆ ಕೇಳುವಂತೆ ಕೂಗಿದರು.

ಮಾವನವರು ಗಕ್ಕನೆ ನಿಂತರು. ತಿರುಗಿ ನೋಡಿದರು. ಮುಖ ಕೆಂಪಾಗಿತ್ತು.

"ಹೊರಟವನನ್ನ ಹಿಂದಿನಿಂದ ಕೂಗ್ತೀರಲ್ಲ, ಹಿರಿಯರಾಗಿ ನಿಮಗಾದರೂ ತಿಳೀಬಾರದಾ? ಇನ್ನು ಕೂತು, ನೀರು ಕುಡಿದೇ ಹೋಗಬೇಕು" ಎಂದು ಗೊಣಗುತ್ತ ವಾಪಸು ಬಂದು ಬೆಂಚಿನ ಮೇಲೆ ಕೂತರು. "ಒಂದು ಲೋಟ ನೀರು ಕೊಡಿ" ಎಂದು ಕೈ ಚಾಚಿದರು. ಚಾಚಿದ ಕೈ ಹಾಗೇ ಉಳಿಯಿತು.

ನಾನು ನೀರು ತರಲು ಓಡಿದೆ. ಅತ್ತೆ ನನ್ನ ರಟ್ಟೆ ಹಿಡಿದು ನಿಲ್ಲಿಸಿದರು.

"ಬೇಡ ಕಣೇ. ಕುಡುದ್ರೆ ಎದ್ದು ಹೋಗ್ತಾರೆ."

ಅಂದಿನಿಂದ ಓಣಿಯಲ್ಲಿ ಕಾಫಿಯೂ ಇಲ್ಲ, ನೀರೂ ಇಲ್ಲ. ನಮಗೆ ಗಟ್ಟಿ ಡಿಕಾಕ್ಷನ್ ಸಿಕ್ಕಿತು. ಆಗೊಮ್ಮೆ ಈಗೊಮ್ಮೆ ಕಾಲ ಅಲುಗಿ "ನೀರು" ಎಂಬ ದನಿ ಅಡುಗೆಮನೆಗೆ ಕೇಳುತ್ತಿತ್ತು. ಅತ್ತೆ ಬೆನ್ನು ತಿರುಗಿಸಿಕೊಂಡು ತರಕಾರಿ ಹೆಚ್ಚುತ್ತಿದ್ದರು. ಇದೆಂಥ ಕಲ್ಲುಮನಸ್ಸು ಎಂದು ನಾನು ಜಗಳವಾಡಿದೆ.

ಅತ್ತೆ ಹಾಸಿಗೆ ಹಿಡಿದು, ಗಂಜಿಯೂ ಸೇರದಾದ ದಿನ ನನ್ನನ್ನು ಹತ್ತಿರ ಕರೆದರು.

"ನಾನು ಹೋದ್ಮೇಲೆ ಅವರಿಗೆ ನೀರು ಕೊಟ್ಬುಡು ಕಣಮ್ಮ" ಅಂದರು. "ಬಾಯಾರಿ ಕೂತವರೆ, ಪಾಪ."