ಹಲಗೆಯ ಮೇಲಿನ ಹೆಸರು

ಬುರ್ಗಿ ಮೊಟ್ಟಮೊದಲು ಓದಿದ ಪದ ಅವಳದೇ ಹೆಸರು. ಅದು ಇದ್ದದ್ದು ಒಂದು ಸಾವಿನ ಹಲಗೆಯ ಮೇಲೆ.

ಆರು ವರ್ಷದ ಹುಡುಗಿ. ಟಾನೆನ್‌ರೀಡ್ ಊರಿನಿಂದ ಶಾಲೆಗೆ ಹೋಗುವ ದಾರಿಯಲ್ಲಿ, ರೈ ಧಾನ್ಯದ ಹೊಲದ ಅಂಚಿಗೆ ಸಾಲಾಗಿ ನಿಂತಿದ್ದ ಹಲಗೆಗಳಲ್ಲಿ ಎಲ್ಲಕ್ಕಿಂತ ಗಿಡ್ಡದರ ಮುಂದೆ ನಿಂತು, ಆಗಷ್ಟೇ ಕಲಿತಿದ್ದ ಅಕ್ಷರಗಳನ್ನು ಬೆರಳಿಟ್ಟು ಕೂಡಿಸಿದಳು. ನೋಟ್‌ಬುರ್ಗಾ ವೀಸರ್. ಅಯ್ಯೋ, ನನ್ನ ಪೂರ್ತಿ ಹೆಸರು! ಹಿಗ್ಗಿ ಹೀರೇಕಾಯಾಗಿ ಕೆಳಗಿನ ಸಾಲಿಗೆ ಬೆರಳಿಟ್ಟಳು. ಅಲ್ಲಿ ‘ತೀರಿಕೊಂಡಳು’ ಎಂದಿತ್ತು.

ಮನೆಗೆ ಓಡಿಬಂದಾಗ ಅಮ್ಮ ಒಟ್ಟಿಲಿಯಾ ಬ್ರೆಡ್ಡಿನ ಹಿಟ್ಟು ನಾದುತ್ತಿದ್ದಳು.

“ಅಮ್ಮಾ, ನಾನು ಸತ್ತೋಗಿದೀನಿ ಅಂತ ಬರ್ದಿದೆ!”

ಅಮ್ಮ ತಲೆ ಎತ್ತಲಿಲ್ಲ. “ಅದು ನೀನಲ್ಲ ಕಣೆ. ಅದು ಬುರ್ಗಿ.”

“ಮತ್ತೆ ನಾನು?”

“ನೀನೂ ಬುರ್ಗಿನೇ. ಹೋಗು, ಕರುಗೆ ನೀರಿಡು.”

ಅಷ್ಟೇ. ಮಗುವಿಗೆ ಅದಕ್ಕಿಂತ ಹೆಚ್ಚು ಹೇಳಬೇಕೆಂದು ಆ ಮನೆಯಲ್ಲಿ ಯಾರಿಗೂ ತೋಚಲಿಲ್ಲ.

ಬವೇರಿಯಾದ ನಮ್ಮ ಈ ಕಾಡುಗುಡ್ಡಗಳಲ್ಲಿ ಯಾರಾದರೂ ಸತ್ತರೆ, ಶವಪೆಟ್ಟಿಗೆ ಬರುವತನಕ ಹೆಣವನ್ನು ಒಂದು ಹಲಗೆಯ ಮೇಲೆ ಮಲಗಿಸುತ್ತಾರೆ. ಮಣ್ಣಾದ ಮೇಲೆ ಬಡಗಿ ಅದೇ ಹಲಗೆಯನ್ನು ಹೆರೆದು, ಹೆಸರು ಬರೆದು, ದಾರಿ ಪಕ್ಕ ನೆಡುತ್ತಾನೆ. ಹಲಗೆ ಮಳೆಗೆ ನೆನೆಯಬೇಕು, ಹಿಮಕ್ಕೆ ಸೀಳಬೇಕು, ಒಂದು ದಿನ ಕೊಳೆತು ಬೀಳಬೇಕು. ಅದು ಬಿದ್ದ ದಿನ ಆ ಜೀವ ಶುದ್ಧಿಯ ಬೆಂಕಿಯಿಂದ ಬಿಡುಗಡೆಯಾಗಿ ದೇವರ ಬಳಿ ಹೋಯಿತು ಎಂದು ಲೆಕ್ಕ. ಆದ್ದರಿಂದ ಹಲಗೆಯನ್ನು ಯಾರೂ ರಿಪೇರಿ ಮಾಡುವುದಿಲ್ಲ. ಮಾಡಬಾರದು.

ಒಟ್ಟಿಲಿಯಾ ಮಾಡುತ್ತಿದ್ದಳು. ಪ್ರತಿ ವರ್ಷ ನವೆಂಬರಿನ ಸತ್ತವರ ಹಬ್ಬಕ್ಕೆ ಅಗಸೆ ಎಣ್ಣೆಯ ಡಬ್ಬಿ ಹಿಡಿದು ಹೋಗಿ, ಆ ಗಿಡ್ಡ ಹಲಗೆಗೆ ಎಣ್ಣೆ ಸವರಿ, ಮಾಸಿದ ಅಕ್ಷರಗಳ ಮೇಲೆ ಕಪ್ಪು ಬಣ್ಣ ತಿದ್ದಿ ಬರುತ್ತಿದ್ದಳು. ಊರ ಹೆಂಗಸರು ಹಿಂದಿನಿಂದ ಗೊಣಗಿದರು. “ಕೂಸನ್ನ ಮೇಲಕ್ಕೆ ಹೋಗೋಕೂ ಬಿಡ್ತಿಲ್ವಲ್ಲ ಇವಳು!” ಎಂದರು. ಎದುರಿಗೆ ಹೇಳುವ ಎದೆಗಾರಿಕೆ ಯಾರಿಗಿತ್ತು?

ಮೊದಲನೆಯ ಬುರ್ಗಿ ಗಂಟಲಮಾರಿ ಕಾಯಿಲೆಗೆ ಸಿಕ್ಕಿ ಸತ್ತಾಗ ಅವಳಿಗೆ ಮೂರು ವರ್ಷ. ಹನ್ನೊಂದು ತಿಂಗಳ ಮೇಲೆ, ಸಾವಿರದ ಎಂಟುನೂರ ಎಂಬತ್ತೊಂಬತ್ತರಲ್ಲಿ, ಇವಳು ಹುಟ್ಟಿದಳು. ತೀರಿದ ಕೂಸಿನ ಹೆಸರನ್ನೇ ಮುಂದಿನ ಕೂಸಿಗೆ ಇಡುವುದು ನಮ್ಮಲ್ಲಿ ಹೊಸದೇನಲ್ಲ. ಅದರಲ್ಲೂ ವೀಸರ್ ಮನೆಯಲ್ಲಿ ನೋಟ್‌ಬುರ್ಗಾ ಎಂಬ ಹೆಸರು ಖಾಲಿ ಇರಬಾರದು. ಆ ಹೆಸರಿನ ಸಂತಳು ಒಬ್ಬ ಮನೆಗೆಲಸದ ಹೆಣ್ಣು. ಯಜಮಾನ ಬೇಡವೆಂದರೂ ತನ್ನ ಪಾಲಿನ ಅನ್ನವನ್ನು ಬಡವರಿಗೆ ಕೊಟ್ಟವಳು, ಸಂಜೆಯ ಗಂಟೆ ಬಾರಿಸಿದ ಮೇಲೂ ಕೊಯ್ಯಿ ಎಂದಾಗ ಕುಡುಗೋಲನ್ನು ಗಾಳಿಯಲ್ಲೇ ತೂಗುಹಾಕಿದವಳು. ಮನೆಯ ಕೊಟ್ಟಿಗೆ ಬಾಗಿಲ ಮೇಲೆ ಅವಳ ಚಿತ್ರವಿತ್ತು. ಆಲಿಕಲ್ಲು ಬಿದ್ದ ವರ್ಷ ಊರಿಗೆಲ್ಲ ಬೀಜದ ರೈ ಕೊಟ್ಟವಳು ಒಬ್ಬ ನೋಟ್‌ಬುರ್ಗಾ, ಸೈನಿಕರು ಬಂದು ದನ ಹೊಡೆದುಕೊಂಡು ಹೋಗುವಾಗ ಒಂದು ಹಸುವನ್ನು ನೆಲಮಾಳಿಗೆಯಲ್ಲಿ ಅಡಗಿಸಿಟ್ಟವಳು ಇನ್ನೊಬ್ಬಳು. ಹೆಸರಿನ ಅರ್ಥವನ್ನು ಬುರ್ಗಿಗೆ ಹೇಳಿದವರು ಶಾಲೆಯ ಮೇಷ್ಟ್ರು. ನೋಟ್ ಎಂದರೆ ಕಷ್ಟ, ಬುರ್ಗ್ ಎಂದರೆ ಕೋಟೆ. ಕಷ್ಟ ಬಂದಾಗ ಒಳಗೆ ಓಡಿಬಂದು ಬಚಾವಾಗುವ ಜಾಗ. “ದೊಡ್ಡ ಹೆಸರಮ್ಮ ನಿಂದು,” ಎಂದರು ಮೇಷ್ಟ್ರು. ಹಿಂದಿನ ಬೆಂಚಿನಿಂದ ಒಬ್ಬ ಕೂಗಿದ: “ಅವಳದಲ್ಲ ಸಾರ್, ಸತ್ತೋಳದ್ದು!” ಇಡೀ ತರಗತಿ ನಕ್ಕಿತು.

ನಗದೆ ಏನು ಮಾಡುತ್ತಾರೆ? ನಿಜವೇ ತಾನೆ. ಅವಳು ಮೊದಲು ಮೆಟ್ಟಿದ ಮರದ ಚಪ್ಪಲಿ ಸತ್ತವಳದು. ಅವಳ ಚಮಚ ಸತ್ತವಳದು. ಹಾಲು ಚೆಲ್ಲಿದರೆ “ಮೊದಲ್ನೇದು ಹೀಗೆ ಚೆಲ್ತಿರ್ಲಿಲ್ಲ” ಎನ್ನುವಳು ಅಮ್ಮ. ಅತ್ತರೆ “ಮೊದಲ್ನೇದು ಅಳ್ತಾನೇ ಇರ್ಲಿಲ್ಲ.” ಮೂರು ವರ್ಷಕ್ಕೆ ಹೋದ ಕೂಸಿನ ಜೊತೆ ಪೈಪೋಟಿ ಮಾಡಿ ಯಾರಾದರೂ ಗೆಲ್ಲಲುಂಟೆ? ಸತ್ತವರು ತಪ್ಪು ಮಾಡುವುದೇ ಇಲ್ಲವಲ್ಲ!

ಹತ್ತು ವರ್ಷದವಳಾಗಿದ್ದಾಗ ಬುರ್ಗಿ ಒಂದು ಮಧ್ಯಾಹ್ನ ಆ ಹಲಗೆಗೆ ಹೆಗಲು ಕೊಟ್ಟು ನೂಕಿದಳು. ಉಸಿರು ಕಟ್ಟಿ ನೂಕಿದಳು. ಅದು ಅಲುಗಲಿಲ್ಲ. ಹೆಗಲಿಗೆ ಎಣ್ಣೆಯ ಕಲೆಯಾಯಿತು. ಅಮ್ಮ ಆ ಕಲೆ ನೋಡಿದಳು, ಎಲ್ಲಿಯದು ಎಂದು ಅವಳಿಗೆ ತಿಳಿಯಿತು. ಆ ನವೆಂಬರಿನಲ್ಲಿ ಎಣ್ಣೆಯನ್ನು ಎರಡು ಬಾರಿ ಸವರಿದಳು.

ಬುರ್ಗಿಗೆ ಮದುವೆಯಾಗಲಿಲ್ಲ. ಹೊಲ ಅಣ್ಣ ಬ್ಲಾಸಿಯುಸನದಾಯಿತು, ದುಡಿತ ಇವಳದಾಯಿತು. ಬೆಳಗಿನ ಜಾವ ಹಾಲು ಕರೆಯುವುದರಿಂದ ಹಿಡಿದು ಅಗಸೆನಾರು ಬಡಿಯುವತನಕ, ಒಲೆಯ ಬೂದಿ ಎತ್ತುವುದರಿಂದ ಹಿಡಿದು ಹಸು ಈಯುವಾಗ ಕರು ಎಳೆಯುವತನಕ. ಊರಲ್ಲಿ ಯಾರ ಮನೆಯಲ್ಲಿ ಕಾಯಿಲೆಯಾದರೂ “ಬುರ್ಗಿನ ಕರೀರಿ” ಎನ್ನುತ್ತಿದ್ದರು, ಇವಳು ಹೋಗುತ್ತಿದ್ದಳು. ಮಕ್ಕಳಿಲ್ಲ, ಮರಿಯಿಲ್ಲ, ಒಂದು ಅಡಿ ನೆಲವಿಲ್ಲ. ಯಾರಿಗಾದರೂ ಕೊಟ್ಟುಹೋಗಲು ಅವಳ ಹತ್ತಿರ ಇದ್ದದ್ದು ಒಂದೇ, ಆ ಹೆಸರು.

ಅದನ್ನೂ ಕೊಡುವ ಕಾಲ ಬಂತು. ಬ್ಲಾಸಿಯುಸನ ಹೆಂಡತಿ ಸೆನ್ಸಿಗೆ ಹೆಣ್ಣು ಹುಟ್ಟಿತು. ಬುರ್ಗಿಯೇ ಜ್ಞಾನತಾಯಿ, ಜ್ಞಾನಸ್ನಾನದಲ್ಲಿ ಮಗುವಿನ ಹೊಣೆ ಹೊರುವವಳು. ನಮ್ಮಲ್ಲಿ ಜ್ಞಾನತಾಯಿಯ ಹೆಸರೇ ಮಗುವಿಗೆ. ಮಗುವನ್ನು ಚರ್ಚಿಗೆ ಹೊತ್ತೊಯ್ಯುವವಳೂ ಅವಳೇ, ಪಾದ್ರಿ ಕೇಳಿದಾಗ ಬಾಯಿಬಿಟ್ಟು ಹೆಸರು ಹೇಳುವವಳೂ ಅವಳೇ. ಹೆತ್ತವಳು ಇನ್ನೂ ಬಾಣಂತಿ ಹಾಸಿಗೆಯಲ್ಲಿರುತ್ತಾಳೆ. ಮಗು ಸತ್ತರೆ ಸಾವಿನ ಅಂಗಿ ಹೊಲಿಯುವುದೂ ಜ್ಞಾನತಾಯಿಯ ಪಾಲಿನ ಕೆಲಸ. ಎರಡು ವರ್ಷಕ್ಕೆ ಆ ಕೆಲಸವೂ ಬುರ್ಗಿಯ ಪಾಲಿಗೆ ಬಂತು. ಸಾಲಿನಲ್ಲಿ ಇನ್ನೊಂದು ಗಿಡ್ಡ ಹಲಗೆ ನಿಂತಿತು. ಮತ್ತೆ ಅದೇ ಹೆಸರು.

ಸಾವಿರದ ಒಂಬೈನೂರ ಇಪ್ಪತ್ತೇಳರ ಫೆಬ್ರವರಿಯಲ್ಲಿ ಸೆನ್ಸಿ ಮತ್ತೆ ಹೆತ್ತಳು. ಮತ್ತೆ ಹೆಣ್ಣು.

“ನೋಟ್‌ಬುರ್ಗಾ,” ಎಂದಳು ಮುದುಕಿ ಒಟ್ಟಿಲಿಯಾ, ಯಾರೂ ಕೇಳುವ ಮುಂಚೆಯೇ. “ಹೆಸರು ಎದ್ದು ಬಂತು ನೋಡ್ರೋ! ದೇವರು ದೊಡ್ಡವನು.”

ಬ್ಲಾಸಿಯುಸ್ ತಲೆಯಾಡಿಸಿದ. ಅವನು ಹುಟ್ಟಿದಾಗಿನಿಂದ ಅಮ್ಮನೆದುರು ತಲೆಯಾಡಿಸಿಯೇ ಬೆಳೆದವನು. ಮೂರನೆಯ ದಿನ ಬೆಳಿಗ್ಗೆ ಬುರ್ಗಿ ಮಗುವನ್ನು ಎತ್ತಿಕೊಳ್ಳಲು ಬಾಣಂತಿಯ ಕೋಣೆಗೆ ಹೋದಾಗ, ಸೆನ್ಸಿ ಅವಳ ಮಣಿಕಟ್ಟನ್ನು ಬಿಗಿಯಾಗಿ ಹಿಡಿದುಕೊಂಡಳು.

“ಬುರ್ಗಕ್ಕಾ, ಆ ಹೆಸರು ಕರೆದ್ರೆ ಬಾಗಿಲ ಕಡೆ ನೋಡ್ತೀನಿ ನಾನು. ಹೋದೋಳು ಓಡಿಬರ್ತಾಳೆ ಅನ್ಸುತ್ತೆ. ಇದರ ಮುಖ ನಾನು ಯಾವಾಗ ನೋಡ್ಲಿ ಹೇಳು?”

“ಬ್ಲಾಸಿಗೆ ಹೇಳಿದ್ಯಾ?”

“ಹೇಳ್ದೆ. ಅಮ್ಮನ್ನ ಕೇಳು ಅಂದ್ರು.”

“ಅಮ್ಮನ್ನ ಕೇಳಿದ್ಯಾ?”

ಸೆನ್ಸಿ ಗೋಡೆ ಕಡೆ ತಿರುಗಿದಳು. ಬುರ್ಗಿಗೆ ಉತ್ತರ ಸಿಕ್ಕಿತು.

ಸೂಲಗಿತ್ತಿ ಮುಂದೆ, ಮಗುವನ್ನು ಶಾಲಿನಲ್ಲಿ ಸುತ್ತಿ ಎದೆಗವಚಿಕೊಂಡ ಬುರ್ಗಿ ಹಿಂದೆ. ಮೊಣಕಾಲುದ್ದ ಹಿಮ. ಹಲಗೆಗಳ ಸಾಲಿನ ಹತ್ತಿರ ಬುರ್ಗಿ ನಿಂತಳು. ಮೂವತ್ತೆಂಟು ವರ್ಷ ಅಮ್ಮನ ಎಣ್ಣೆ ಕುಡಿದು ಗಟ್ಟಿಯಾಗಿ ನಿಂತ ಹಳೆಯದು, ಪಕ್ಕದಲ್ಲಿ ಇನ್ನೂ ಮರದ ವಾಸನೆ ಹೋಗದ ಹೊಸದು. ಎರಡರ ಮೇಲೂ ನೋಟ್‌ಬುರ್ಗಾ ವೀಸರ್. ತೋಳಿನಲ್ಲಿ ಮೂರು ದಿನದ ಕೂಸು. ಇದಕ್ಕೂ ಆರು ವರ್ಷವಾಗುತ್ತದೆ, ಇದೂ ಇಲ್ಲಿ ನಿಂತು ಬೆರಳಿಟ್ಟು ಓದುತ್ತದೆ ಎಂದು ನೆನೆದು ಬುರ್ಗಿ ಶಾಲನ್ನು ಕೂಸಿನ ಮುಖದ ಮೇಲೆ ಎಳೆದಳು. ಆದರೆ ಬೇರೆ ಹೆಸರು ಹೇಳಿದರೆ? ವೀಸರ್ ಮನೆಯ ಇಷ್ಟು ತಲೆಮಾರಿನ ಹೆಸರು ತನ್ನೊಂದಿಗೇ ಮಣ್ಣಾಗುತ್ತದೆ. ತಾನು ಈ ಭೂಮಿಯ ಮೇಲೆ ಇದ್ದೆ ಎನ್ನಲು ಏನೂ ಉಳಿಯುವುದಿಲ್ಲ. ಅದೂ ನೋಯಿತು, ಸುಳ್ಳು ಯಾಕೆ ಹೇಳಲಿ.

“ಬಾರೇ, ಕೂಸು ತಣ್ಣಗಾಗುತ್ತೆ!” ಎಂದು ಸೂಲಗಿತ್ತಿ ಗದರಿದಳು.

ಚರ್ಚಿನಲ್ಲಿ ಪಾದ್ರಿ ಪುಸ್ತಕ ತೆರೆದು ಕೇಳಿದರು: “ಈ ಮಗುವಿಗೆ ಏನು ಹೆಸರಿಡ್ತೀಯಮ್ಮ?”

ಪಾದ್ರಿ ಇನ್ನೊಮ್ಮೆ ಕೇಳಿದರು. ಬುರ್ಗಿ ಮನೆಯಲ್ಲಿ, ಸ್ಮಶಾನದಲ್ಲಿ, ಹೊಲದಂಚಿನ ಹಲಗೆಗಳಲ್ಲಿ ಎಲ್ಲೂ ಇಲ್ಲದ ಒಂದು ಹೆಸರು ಹುಡುಕುತ್ತಿದ್ದಳು.

“ಗೀಸೆಲಾ,” ಎಂದಳು.

ಸೂಲಗಿತ್ತಿ ಶಿಲುಬೆಯ ಗುರುತು ಹಾಕಿಕೊಂಡಳು. ಪಾದ್ರಿ ಕನ್ನಡಕದ ಮೇಲಿಂದ ನೋಡಿದರು. “ನಿಮ್ಮಮ್ಮ ಬೇರೆ ಹೇಳಿ ಕಳ್ಸಿದ್ರಲ್ಲ?”

“ಕೂಸನ್ನ ಹೊತ್ಕೊಂಡು ಬಂದೋಳು ನಾನು, ಫಾದರ್.”

ಪಾದ್ರಿ ನೀರು ಹೊಯ್ದರು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಜ್ಞಾನಸ್ನಾನದ ನೀರನ್ನು ವಾಪಸು ತೆಗೆಯಲು ಪೋಪರಿಂದಲೂ ಆಗದು.

ಮನೆ ತಲುಪುವ ಹೊತ್ತಿಗೆ ಸುದ್ದಿ ಮುಂಚೆಯೇ ಬಂದು ಕೂತಿತ್ತು. ಸೂಲಗಿತ್ತಿಯ ಕಾಲು ಚುರುಕು, ಬಾಯಿ ಇನ್ನೂ ಚುರುಕು. ಒಟ್ಟಿಲಿಯಾ ಒಲೆಯ ಪಕ್ಕದ ಬೆಂಚಿನಲ್ಲಿ ನೆಟ್ಟಗೆ ಕೂತಿದ್ದಳು. ಕೂಗಾಡಲಿಲ್ಲ.

“ನಮ್ಮತ್ತೆಯ ಅಜ್ಜಿ ಹೆಸರು ಕಣೆ ಅದು. ನಿನಗೇ ಬೇಡವಾಯ್ತಾ?”

“ಬೇಕಿತ್ತಮ್ಮ,” ಎಂದಳು ಬುರ್ಗಿ. ಮಗುವನ್ನು ಇನ್ನೂ ಇಳಿಸಿರಲಿಲ್ಲ. “ನನ್ನದಾಗಿದ್ರೆ ಕೊಡ್ತಿದ್ದೆ. ನನ್ನದಲ್ಲದ್ದನ್ನ ಹೆಂಗೆ ಕೊಡ್ಲಿ?”

ಒಳಗಿನ ಕೋಣೆಯಿಂದ ಸೆನ್ಸಿ ಅಳುವುದು ಕೇಳಿಸಿತು. ಬುರ್ಗಿ ಒಳಗೆ ಹೋಗಿ ಮಗುವನ್ನು ಅವಳ ಪಕ್ಕ ಮಲಗಿಸಿದಳು. ಸೆನ್ಸಿ “ಗೀಸೆಲಾ” ಎಂದು ಒಮ್ಮೆ ಕರೆದು ನೋಡಿದಳು. ಬಾಗಿಲ ಕಡೆ ನೋಡಲಿಲ್ಲ.

ಒಟ್ಟಿಲಿಯಾ ಮಗಳ ಜೊತೆ ಮಾತು ಬಿಟ್ಟಳು. ಉಪ್ಪು ಬೇಕಾದರೂ ಬ್ಲಾಸಿಯುಸನನ್ನು ಕೇಳುವಳು. ಆದರೆ ಆ ನವೆಂಬರಿನಲ್ಲಿ ಸತ್ತವರ ಹಬ್ಬ ಬಂತು, ಹೋಯಿತು, ಅಗಸೆ ಎಣ್ಣೆಯ ಡಬ್ಬಿ ಕಪಾಟಿನಿಂದ ಕೆಳಗಿಳಿಯಲಿಲ್ಲ. ಮುಂದಿನ ವರ್ಷವೂ ಇಳಿಯಲಿಲ್ಲ. ನಾಲ್ಕನೆಯ ವರ್ಷ ಮುದುಕಿ ಹಾಸಿಗೆ ಹಿಡಿದಳು. ಮೈ ಒರೆಸುವುದು, ಗಂಜಿ ಕುಡಿಸುವುದು ಎಲ್ಲ ಬುರ್ಗಿಯೇ. ಒಂದು ಸಂಜೆ ಚಮಚ ಬಾಯಿಗೆ ಹಿಡಿದಾಗ ಮುದುಕಿ ಅವಳ ಮುಖವನ್ನು ದಿಟ್ಟಿಸಿ ನೋಡಿದಳು.

“ನಿನ್ನ ಗಲ್ಲದ ಮೇಲೆ ಮಚ್ಚೆ ಇದೆ,” ಎಂದಳು.

“ಹುಟ್ಟಿದಾಗಿಂದ ಇದೆ, ಅಮ್ಮ.”

“ಅವಳಿಗಿರ್ಲಿಲ್ಲ.”

ನಲವತ್ತೆರಡು ವರ್ಷಕ್ಕೆ ಹೆತ್ತತಾಯಿ ಮಗಳ ಮಚ್ಚೆ ನೋಡಿದಳು. ಬುರ್ಗಿ ಅಂಗಳಕ್ಕೆ ಹೋಗಿ ಕಣ್ಣೀರು ನಿಲ್ಲುವತನಕ ಸೌದೆ ಒಡೆದಳು. ಅಮ್ಮ ಆ ವಾರವೇ ತೀರಿಕೊಂಡಳು, ಮುಂದಿನ ಬೇಸಿಗೆಯ ಗಾಳಿಗೆ ಹಳೆಯ ಗಿಡ್ಡ ಹಲಗೆಯೂ ಬುಡದಲ್ಲಿ ಮುರಿದು ಬಿತ್ತು. ಹೋಗು ತಾಯಿ, ಸಾಕಷ್ಟು ಕಾದೆ ಎಂದು ಬುರ್ಗಿ ಅದಕ್ಕೆ ಕೈಮುಗಿದಳು.

ಯುದ್ಧ ಬಂತು, ಹೋಯಿತು. ಅಷ್ಟರಲ್ಲಿ ಎಣ್ಣೆ ಕಾಣದ ಇನ್ನೊಂದು ಗಿಡ್ಡ ಹಲಗೆಯೂ ಕೊಳೆತು ಬಿದ್ದಿತ್ತು. ಬ್ಲಾಸಿಯುಸನೂ ಸೆನ್ಸಿಯೂ ಒಬ್ಬರ ಹಿಂದೊಬ್ಬರು ಹೋದರು. ಗೀಸೆಲಾ ಬೆಳೆದು, ಮದುವೆಯಾಗಿ, ಅದೇ ಮನೆಯಲ್ಲಿ ನಿಂತಳು. ಐವತ್ತೈದರಲ್ಲಿ ಅವಳಿಗೆ ಹೆಣ್ಣು ಹುಟ್ಟಿತು. ಎರಡನೆಯ ದಿನ ಅವಳು ಬುರ್ಗಿಯನ್ನು ಹಾಸಿಗೆಯ ಬಳಿ ಕರೆದಳು.

“ಅತ್ತೆ, ನಾಳೆ ಚರ್ಚಿಗೆ ಇವಳನ್ನ ನೀನೇ ಎತ್ಕೊಂಡು ಹೋಗ್ಬೇಕು. ಹೆಸರೂ ನಿಂದೇ ಇಡ್ಬೇಕು.”

ಅರವತ್ತಾರರ ಬುರ್ಗಿಗೆ ಮುನಿಸು ಬಂತು. “ಯಾಕೆ? ಯಾರು ಸತ್ರು?”

“ಯಾರೂ ಸತ್ತಿಲ್ಲ ಅತ್ತೆ. ಅದಕ್ಕೇ ಕೇಳ್ತಿರೋದು. ಹಲಗೆ ಮೇಲಿಂದು ನಂಗೆ ಬೇಡ. ನನಗೆ ಜ್ವರ ಬಂದಾಗ ಹನ್ನೊಂದು ದಿನ ಪಕ್ಕ ಕೂತಿದ್ದೆಯಲ್ಲ, ಆ ಬುರ್ಗಿ ಹೆಸರು ಬೇಕು. ಅವಳು ನನ್ನ ಎದುರಿಗೇ ಗೂಟದ ಹಾಗೆ ನಿಂತಿದಾಳೆ.”

ಬುರ್ಗಿ ಹೊದಿಕೆಯ ಅಂಚನ್ನು ಮಡಚಿದಳು, ಬಿಡಿಸಿದಳು.

“ಕೊಡ್ತೀನಿ,” ಎಂದಳು ಕೊನೆಗೆ. “ಆದ್ರೆ ಒಂದು ಮಾತು ನಡೆಸ್ಕೊಡು. ನಾನು ಹೋದಾಗ ನನ್ನ ಹಲಗೆ ದಾರಿ ಪಕ್ಕ ನೆಡಬೇಡ. ಮೆತ್ತನೆ ಮರದ್ದು ಮಾಡ್ಸು. ಶಾಲೆ ದಾರಿ ಹಳ್ಳಕ್ಕೆ ಅಡ್ಡ ಹಾಕು. ಅಕ್ಷರದ ಮಗ್ಗುಲು ಕೆಳಗೆ ಬರ್ಬೇಕು.”

“ತುಳ್ಕೊಂಡು ಓಡಾಡ್ತಾರಲ್ಲ ಅತ್ತೆ!”

“ತುಳೀಲಿ. ಬೇಗ ಕೊಳೀಲಿ. ಈ ಕೂಸು ತನ್ನ ಹೆಸರನ್ನ ಅಲ್ಲಿ ಓದಬಾರ್ದು.”

ಮರುದಿನ ಪಾದ್ರಿ ಕೇಳಿದಾಗ ಬುರ್ಗಿ “ನೋಟ್‌ಬುರ್ಗಾ” ಎಂದು ಚರ್ಚಿನ ಕೊನೆಯ ಸಾಲಿಗೂ ಕೇಳುವಷ್ಟು ಗಟ್ಟಿಯಾಗಿ ಹೇಳಿದಳು. ಕೇಳಿದವರು ಈಗಲೂ ಅದನ್ನು ನೆನೆಯುತ್ತಾರೆ.

ಮೂರು ವರ್ಷದ ಮೇಲೆ, ಹುಲ್ಲು ಕೊಯ್ಲಿನ ಕಾಲದಲ್ಲಿ, ಬುರ್ಗಿ ಸತ್ತಳು. ಗೀಸೆಲಾ ಮಾತು ಉಳಿಸಿಕೊಂಡಳು. ಹಲಗೆಯನ್ನು ಹೀಗೆ ಹಳ್ಳಕ್ಕೆ ಹಾಸುವುದು ನಮ್ಮ ಹಿರಿಯರು ಮಾಡುತ್ತಿದ್ದದ್ದೇ, ಆದರೂ ಊರು ಮರೆತಿತ್ತು. “ಅಷ್ಟು ದುಡಿದೋಳನ್ನ ಕಾಲಡಿಗೆ ಹಾಕಿದ್ಲಲ್ಲ!” ಎಂದರು ಜನ. ಗೀಸೆಲಾ ಯಾರಿಗೂ ಸಮಜಾಯಿಷಿ ಕೊಡಲಿಲ್ಲ.

ಪುಟ್ಟ ಬುರ್ಗಿ ಆರು ವರ್ಷಕ್ಕೆ ಆ ಹಲಗೆಯನ್ನು ದಾಟಿ ಶಾಲೆಗೆ ಹೋದಳು. ಮೂರನೆಯ ತರಗತಿಗೆ ಬರುವ ಹೊತ್ತಿಗೆ ಅದು ನಡುವೆ ಮುರಿದು ನೀರಿಗೆ ಬಿತ್ತು. ಗೀಸೆಲಾ ಅದೇ ಜಾಗದಲ್ಲಿ ಬೇರೊಂದು ಹಲಗೆ ಹಾಕಿಸಿದಳು, ಏನೂ ಬರೆಯದ್ದು.

ಆ ಹುಡುಗಿ ಮೊಟ್ಟಮೊದಲು ಓದಿದ ಪದ ‘ಹಸು’ ಅಂತೆ. ಪಠ್ಯಪುಸ್ತಕದ ಮೊದಲ ಪುಟದಲ್ಲಿತ್ತು.