ಹಾಡಿನ ನಡುವಿನ ಭೇಷ್

ಲಂಡನ್ನಿನ ಎಜ್‌ವೇರ್‌ನಲ್ಲಿ ನಮ್ಮ ಪಕ್ಕದ ಫ್ಲ್ಯಾಟಿನಲ್ಲಿದ್ದ ಜಪಾನಿ ಹಾಡುಗಾರ್ತಿ, ಮುಚ್ಚಿಕೊಳ್ಳುತ್ತಿದ್ದ ಲಿಫ್ಟಿನ ಬಾಗಿಲಿಗೂ ತಲೆ ಬಾಗಿಸುತ್ತಿದ್ದರು. ಸ್ವೆಟರಿನ ತೋಳನ್ನು ಬೆರಳು ಮುಚ್ಚುವಷ್ಟು ಎಳೆದುಕೊಂಡು, ಏಪ್ರಿಲ್ ಬಂದರೂ "ಇನ್ನೂ ಸ್ವಲ್ಪ ಚಳಿ ಇದೆ" ಎಂದು ಇಂಗ್ಲಿಷಿನಲ್ಲಿ ಮೆಲ್ಲಗೆ ಹೇಳುತ್ತಿದ್ದರು. ಅವರ ಹಾಡುಗಳೆಲ್ಲ ವಸಂತದವೇ. ಆದರೆ ಹೂವು ಅರಳುವುದಕ್ಕಿಂತ ಉದುರುವುದೇ ಅವುಗಳಲ್ಲಿ ಹೆಚ್ಚು ಕೇಳಿಸುತ್ತಿತ್ತು.

ಒಂದು ಸಂಜೆ ಹತ್ತಿರದ ಲೈಬ್ರರಿಯಲ್ಲಿ ಅವರ ಹಾಡು ಇತ್ತು. ಧಾರವಾಡದಿಂದ ಬಂದಿದ್ದ ಅಪ್ಪನನ್ನೂ ಕರೆದೊಯ್ದಿದ್ದೆ. ಎಲ್ಲರೂ ಉಸಿರು ಬಿಗಿಹಿಡಿದು ಕೂತಿದ್ದಾಗ ಆಕೆ ಒಂದು ಸ್ವರವನ್ನು ಬಿಡಲಾರದೆ ಬಿಡುವಂತೆ ಇಳಿಸಿದರು. ಅಪ್ಪ ಜೋರಾಗಿ "ಭೇಷ್" ಎಂದುಬಿಟ್ಟರು. ಏನೋ ತಪ್ಪಾಯಿತೆಂದುಕೊಂಡು ಆಕೆ ಹಾಡು ನಿಲ್ಲಿಸಿ, ತಲೆ ಬಾಗಿಸಿ ಕ್ಷಮೆ ಕೇಳಿದರು. ನಾನು ನಾಚಿಕೆಯಿಂದ ಅಪ್ಪನ ಮೊಣಕೈ ಹಿಡಿದೆ.

"ಇಷ್ಟ ಛಲೋ ಹಾಡಿದ್ರ ಸುಮ್ನ ಹ್ಯಾಂಗ ಕೂಡೂದವಾ?" ಎಂದರು ಅಪ್ಪ.

ಮನೆಗೆ ಬರುವ ದಾರಿಯಲ್ಲಿ ಆಕೆಗೆ ವಿವರಿಸಿದೆ. ನಮ್ಮೂರಲ್ಲಿ ಮೆಚ್ಚುಗೆಯನ್ನು ಹಾಡು ಮುಗಿಯುವ ತನಕ ಇಟ್ಟುಕೊಳ್ಳುವುದಿಲ್ಲ, ಅಲ್ಲಲ್ಲೇ ಹೇಳಿಬಿಡುತ್ತೇವೆ ಎಂದೆ. ಆಕೆ "ಭೇಷ್" ಎಂದು ತಮ್ಮಷ್ಟಕ್ಕೆ ಹೇಳಿ ನೋಡಿಕೊಂಡರು.

ಮುಂದಿನ ವಸಂತದ ಹೊತ್ತಿಗೆ ಅಪ್ಪ ತೀರಿಕೊಂಡಿದ್ದರು. ಅದೇ ಲೈಬ್ರರಿ, ಅದೇ ಹಾಡು, ಕಿಟಕಿಯಾಚೆ ಒಂದು ಚೆರ್ರಿ ಮರ. ಆ ಸ್ವರ ಇಳಿಸಿದ ಮೇಲೆ ಆಕೆ ಮುಂದೆ ಹೋಗಲಿಲ್ಲ. ಕಣ್ಣು ಮುಚ್ಚಿಕೊಂಡು ಕಾದರು. ಉಳಿದವರಿಗೆ ಅದೂ ಹಾಡಿನ ಮೌನವೇ ಎನಿಸಿರಬೇಕು.

ನಾನು ಜನ್ಮದಲ್ಲಿ ಒಮ್ಮೆಯೂ ಸಭೆಯಲ್ಲಿ ಬಾಯಿ ಬಿಟ್ಟವಳಲ್ಲ. "ಭೇಷ್" ಎಂದೆ.

ಆಕೆ ಮುಂದಿನ ಸಾಲು ಎತ್ತಿಕೊಂಡರು.