ಹೆಚ್ಚಾದ ‘ಹ’ಕಾರ

ನನ್ನನ್ನು ಈಗ ಹಾಸ್ಯನಟಿ ಅನ್ನುತ್ತಾರೆ. ನಾಟಕವನ್ನೂ ನಾನೇ ಬರೆದು, ದುದ್ದದಿಂದ ರಾಮನಾಥಪುರದವರೆಗೆ ಕರೆದ ಕಡೆಗೆಲ್ಲ ಹೋಗಿ ಆಡುತ್ತೇನೆ. ಆದರೆ ನಾನು ಆಗಬೇಕೆಂದಿದ್ದುದು ಜನರನ್ನು ಗೊಳೋ ಎಂದು ಅಳಿಸುವ ದುರಂತ ನಾಯಕಿ. ಅಳುವ ಮುಖ ನನಗೆ ಬಹಳ ಒಪ್ಪುತ್ತದೆ ಎಂದು ಈಗಲೂ ನಂಬಿದ್ದೇನೆ. ಬೇರೆ ಯಾರೂ ನಂಬುವುದಿಲ್ಲ, ಅಷ್ಟೆ.

ಮೊದಲ ನಾಟಕ ಹೊಳೆನರಸೀಪುರದಲ್ಲಿ. ಬಾಗೂರಿನಿಂದ ದಿನಾ ಬಸ್ಸು ಹತ್ತಿ ತಾಲೀಮಿಗೆ ಹೋಗಲು ಅವ್ವ ಒಪ್ಪಿದ್ದೇ ದೊಡ್ಡದು. ಅದಕ್ಕೂ ಒಂದು ಷರತ್ತು ಹಾಕಿದಳು.

“ನೋಡು ಮಗ, ನಾಕ್ ಜನ ನಗೋ ಅಂಗೆ ಮಾಡ್ಕಂಡ್ರೆ ಅವತ್ತಿಗೇ ನಿನ್ ನಾಟ್ಕ ಮುಗೀತು. ಮನೇಲಿರ್ಬೇಕು.”

ನಿರ್ದೇಶಕರು ಧಾರವಾಡದ ಕಡೆಯವರು. ನನ್ನ ಬಾಯಲ್ಲಿ ‘ಹ’ಕಾರವೇ ಇಲ್ಲವೆಂದು ಮೊದಲ ದಿನವೇ ಕಂಡುಹಿಡಿದರು. “ಹಾಲು ಅನ್ನು ಯವ್ವಾ! ಆಲು ಅಂದ್ರ ಬಟಾಟಿ ಆಗ್ತದ!” ಎಂದು ತಲೆ ಚಚ್ಚಿಕೊಂಡರು. ನಮ್ಮ ಹಾಸನದಲ್ಲಿ ಹಾಲು, ಆಲೂಗಡ್ಡೆ ಎರಡಕ್ಕೂ ಕೊರತೆಯಿಲ್ಲ ಎಂದು ಹೇಳಹೋಗಿ ಬೈಸಿಕೊಂಡೆ. ಒಂದು ತಿಂಗಳು ಬಸ್ಸಿನಲ್ಲಿ ಕೂತು “ಹಾಲು, ಹೂವು, ಹೊಳೆ, ಹೆಣ್ಣು” ಎಂದು ಗಿಳಿಪಾಠ ಒಪ್ಪಿಸಿದೆ. ಪಕ್ಕದಲ್ಲಿ ಕೂತವರು ಮೆಲ್ಲಗೆ ಬೇರೆ ಸೀಟು ನೋಡಿಕೊಳ್ಳುತ್ತಿದ್ದರು.

ಭಾನುವಾರ ಮಧ್ಯಾಹ್ನ ನಾಟಕ. ನನ್ನ ಗಂಡನ ಪಾತ್ರಕ್ಕೆ ಅರಕಲಗೂಡಿನ ಮೇಷ್ಟ್ರೊಬ್ಬರು, ಗುಡಾಣದಂಥ ಹೊಟ್ಟೆ. ಕೊನೆಯಲ್ಲಿ ಅವರು ಸತ್ತು ಬೀಳಬೇಕು. ನಾನು ಎದೆ ಬಡಿದುಕೊಂಡು “ಏಳು, ನನ್ನ ಒಡೆಯಾ, ಏಳು!” ಎಂದು ಕೂಗಬೇಕು. ಆ ಮಾತಿನಲ್ಲಿ ಒಂದೇ ಒಂದು ‘ಹ’ ಇಲ್ಲ. ಆದರೆ ಮುಂದಿನ ಸಾಲಿನಲ್ಲಿ ರೇಷ್ಮೆ ಸೀರೆ ಉಟ್ಟು ಕೂತಿದ್ದ ಅವ್ವ ಕಣ್ಣಿಗೆ ಬಿದ್ದಳು. ಕಲಿತ ‘ಹ’ಕಾರವೆಲ್ಲ ಒಟ್ಟಿಗೆ ನುಗ್ಗಿಬಂತು.

“ಹೇಳು, ನನ್ನ ಹೊಡೆಯಾ, ಹೇಳು!”

ಸಭೆಯ ಹಿಂದಿನಿಂದ ಯಾರೋ, “ಸತ್ತೋಗವ್ನೆ ಕಣಮ್ಮಾ, ಇನ್ನೆಲ್ ಒಡ್ದಾನು!” ಎಂದರು. ಹೆಣದ ಹೊಟ್ಟೆ ಕುಣಿಯತೊಡಗಿತು. ಅದನ್ನು ಅದುಮಲು ಮೇಲೆ ಬಿದ್ದೆ. ಮೇಷ್ಟ್ರು ಕಿಸಕ್ಕನೆ ನಕ್ಕು ಎದ್ದೇ ಕೂತರು. ಜನ ಮೊಬೈಲು ಎತ್ತಿ ಹಿಡಿದು ಬಿದ್ದು ಬಿದ್ದು ನಕ್ಕರು. ಅವ್ವ ಮಾತ್ರ ನಗಲಿಲ್ಲ.

ಬಣ್ಣದ ಕೋಣೆಯಲ್ಲಿ ನಾನು ನಿಜವಾಗಿ ಅತ್ತೆ. ಎಂಥಾ ಅಳು ಅದು! ನೋಡಲು ಒಬ್ಬ ಪ್ರೇಕ್ಷಕನೂ ಇರಲಿಲ್ಲ. ಇನ್ನು ಬಣ್ಣ ಹಚ್ಚುವಂತಿಲ್ಲ ಎಂಬುದು ನಾಟಕದ ಗಂಡನ ಸಾವಿಗಿಂತ ಹೆಚ್ಚಾಗಿ ನೋಯಿಸಿತು. ಅವ್ವ ಒಳಗೆ ಬಂದು ನನ್ನ ಚೀಲ ಎತ್ತಿಕೊಂಡಳು. ಅಷ್ಟರಲ್ಲಿ ಇಡೀ ತಂಡವನ್ನು ಹಿಂದಿಟ್ಟುಕೊಂಡು ನಿರ್ದೇಶಕರು ನುಗ್ಗಿಬಂದರು.

“ನಾಟಕ ಪೂರಾ ಹಾಳ ಮಾಡಿದೆಲ್ಲವಾ! ನಾಲಿಗಿ ತಿರುಗಂಗಿಲ್ಲಂದ್ರ ಯಾಕ ಬರ್ತಿ?”

ಅವ್ವ ಚೀಲ ಕೆಳಗಿಟ್ಟಳು.

“ನಾಲ್ಗೆ ಸರ್ಯಾಗೇ ಐತೆ ಸಾ. ನಮ್ಮುಡ್ಗಿ ಬೇಕಂತ್ಲೇ ಅಂಗಂದ್ಲು. ಜನ ಆಕಳುಸ್ತಾ ಕೂತಿದ್ದು ನೀವು ನೋಡ್ನಿಲ್ವಾ?”

ತಮಾಷೆಗೂ ಸುಳ್ಳಾಡದ ಹೆಂಗಸು, ಕಣ್ಣು ಮಿಟುಕಿಸದೆ ಹೇಳಿದ್ದಳು. ನಿರ್ದೇಶಕರು ಪೆಚ್ಚಾಗಿ ಹೊರಗೆ ಹೋದರು.

ಬಸ್ಸು ಚನ್ನರಾಯಪಟ್ಟಣ ಮುಟ್ಟಿತು. ಬಾಗೂರಿನ ಬಸ್ಸು ಹಿಡಿಯಲು ಇಳಿಯುವಾಗ ಅವ್ವ ನನ್ನ ಮುಖ ನೋಡದೆ ಹೇಳಿದಳು:

“ಅಷ್ಟ್ ಜನದ್ ಮುಂದೆ ಸುಳ್ ಏಳ್ಬುಟ್ಟಿವ್ನಿ ಕಣವ್ವ. ಇನ್ಮೇಲೆ ನೀನು ನಗುಸ್ಲೇಬೇಕು.”